ಅವ್ವ ಉಜ್ಜಿದ ಕನ್ನಡಿ

ರಾಣೆಬೆನ್ನೂರಿನ ನಮ್ಮ ಮನೆಯಲ್ಲಿ ಮುಖ ನೋಡಿಕೊಳ್ಳಲು ಒಂದು ಕನ್ನಡಿಯೂ ಇರಲಿಲ್ಲ. ಕನ್ನಡಿ ಮಾಡುವವರ ಮನೆ ಅದು. ಬೆಳಗ್ಗೆ ಎದ್ದರೆ ಕನ್ನಡಿಯ ಮಾತು, ಉಣ್ಣಲು ಕೂತರೆ ಕನ್ನಡಿಯ ಮಾತು, ರೊಟ್ಟಿಗೂ ಉಜ್ಜುವ ಪುಡಿಯ ವಾಸನೆ. ಆದರೆ ನನ್ನ ಬೈತಲೆ ನೆಟ್ಟಗಿದೆಯೋ ಸೊಟ್ಟಗಿದೆಯೋ ತಿಳಿಯಬೇಕಾದರೆ ಅಕ್ಕ ಗಿರಿಜಾ ಎದುರಿಗೆ ಬಂದು ನಿಲ್ಲಬೇಕಿತ್ತು, ಅವಳದು ತಿಳಿಯಬೇಕಾದರೆ ನಾನು. ಅಪ್ಪ ಗದ್ದವನ್ನು ಬೆರಳಿನಿಂದ ತಡವಿಕೊಳ್ಳುತ್ತ ಗಡ್ಡ ಹೆರೆದುಕೊಳ್ಳುತ್ತಿದ್ದ. ವಾರಕ್ಕೊಮ್ಮೆಯಾದರೂ ಕಿವಿಯ ಕೆಳಗೆ ರಕ್ತ ಬರುತ್ತಿತ್ತು. ಅವ್ವ ಕುಂಕುಮ ಇಟ್ಟುಕೊಳ್ಳುವಾಗ ಹೆಬ್ಬೆರಳನ್ನು ಮೂಗಿನ ತುದಿಗಿಟ್ಟು ಹಣೆಯ ನಡುವನ್ನು ಅಳೆಯುತ್ತಿದ್ದಳು. ಮುಗಿಯದ ಕನ್ನಡಿಯನ್ನು ಮನೆಯಲ್ಲಿ ತೆರೆದಿಟ್ಟರೆ ಅದು ಎದುರಿಗೆ ಬಂದವರನ್ನು ಹಿಡಿದುಬಿಡುತ್ತದೆ ಎಂದು ನಮ್ಮ ದೈವದವರ ಕಟ್ಟಳೆ. ಪೇಟೆಯಿಂದ ಗಾಜಿನ ಕನ್ನಡಿ ತಂದರೆ ಕಸಬಿಗೆ ಅವಮಾನ. ಹೀಗಾಗಿ ಅಕ್ಕನ ಮದುವೆಯಾಗುವವರೆಗೆ ನನ್ನ ಮುಖದ ವರದಿ ನನಗೆ ಅವಳ ಬಾಯಿಂದಲೇ ಸಿಗುತ್ತಿತ್ತು. ಅವಳು ಸಿಟ್ಟಿನಲ್ಲಿದ್ದ ದಿನ ನಾನು ಕುರೂಪಿಯಾಗಿಯೇ ಶಾಲೆಗೆ ಹೋಗುತ್ತಿದ್ದೆ.

ದೈವ ಎಂದರೆ ನಮ್ಮ ಕಡೆ ದೇವರಷ್ಟೇ ಅಲ್ಲ, ಕುಲದ ಹಿರಿಯರು ಕೂಡುವ ಸಭೆ. ಕನ್ನಡಿಗಾರರದು ಹನ್ನೆರಡು ಮನೆ: ರಾಣೆಬೆನ್ನೂರಿನಲ್ಲಿ ಏಳು, ಬ್ಯಾಡಗಿಯಲ್ಲಿ ಮೂರು, ಹಾವೇರಿಯಲ್ಲಿ ಎರಡು. ಹೆಣ್ಣು ಕೊಡುವುದು ತರುವುದು ಎಲ್ಲ ಆ ಹನ್ನೆರಡರೊಳಗೇ. ಆಗಿನ ಯಜಮಾನ ವೀರಭದ್ರಪ್ಪ. ಈಗ ಅವನ ಮೊಮ್ಮಗ ಮಂಜುನಾಥ ಕಾರ್ಯದರ್ಶಿ. ಹೋದ ತಿಂಗಳು ಆ ಹುಡುಗ ಹಾವೇರಿಯ ನನ್ನ ಮನೆಗೆ ಬಂದಿದ್ದ. ಹುಡುಗ ಎಂದರೆ ನಲವತ್ತು ದಾಟಿದವನು, ನನಗೆ ಹುಡುಗ. ಕಸಬು ನಿಂತು ಎಷ್ಟೋ ಕಾಲವಾಯಿತು, ಈಗ ಹಳೆಯ ಕನ್ನಡಿಗಳನ್ನೆಲ್ಲ ಕೂಡಿಸಿ ಪ್ರದರ್ಶನ ಮಾಡುತ್ತಾರಂತೆ, ಜೊತೆಗೊಂದು ಸ್ಮರಣ ಸಂಚಿಕೆ.

"ನಾಕು ಪುಟ ಸಾಕ್ರಿ ಅಕ್ಕಾರ, ಬಾಲ್ಯದ ಸವಿನೆನಪು. ಅದರಾಗ ನಿಮ್ಮ ಅಪ್ಪಾರು ನಿಮ್ಮ ಅವ್ವಾರ ತಪ್ಪು ತಮ್ಮ ತಲಿ ಮ್ಯಾಲ ಹಾಕ್ಕೊಂಡದ್ದು ಬರಿಲೇಬೇಕ್ರಿ. ಅಂಥಾ ದೊಡ್ಡ ಮನಷ್ಯಾ ಈಗ ಎಲ್ಲಿ ಸಿಗ್ತಾನ?"

ಬರೆದಿಡುತ್ತೇನೆ, ಬಂದು ಒಯ್ಯಿ ಎಂದೆ. ಬರೆಯಲು ಕೂತೆ, ಸಿಟ್ಟಿನಿಂದಲೇ. ನಲವತ್ತು ವರ್ಷ ಮಕ್ಕಳಿಗೆ ಪಾಠ ಹೇಳಿದ ಬಾಯಿ ನನ್ನದು, ಈ ಒಂದು ಪಾಠ ಯಾರಿಗೂ ಹೇಳಿರಲಿಲ್ಲ. ನಾಲ್ಕು ಪುಟಕ್ಕಿಂತ ಹೆಚ್ಚಾಗುತ್ತದೆ, ಅದರಲ್ಲಿ ಸವಿ ಎಷ್ಟಿದೆಯೋ ಅವರೇ ಹುಡುಕಿಕೊಳ್ಳಲಿ.

ಈಗಿನವರು ಅದನ್ನು ಮಾಯಾಕನ್ನಡಿ ಎನ್ನುತ್ತಾರೆ. ನಾವು ಯಾರೂ ಹಾಗೆ ಕರೆದವರಲ್ಲ. ನಮಗೆ ಅದು ತವರ ಕನ್ನಡಿ, ಮದುವೆಯಾಗಿ ಹೋಗುವ ಹುಡುಗಿಗೆ ತವರಿನವರು ಮಾಡಿಸಿ ಕೊಡುತ್ತಿದ್ದ ಅಂಗೈಯಗಲದ ಕಂಚಿನ ಕನ್ನಡಿ. ಗಂಡನ ಮನೆಯಲ್ಲಿ ಕೂತು ಅದನ್ನು ಹಿಡಿದು ನೋಡಿದರೆ ಅವಳ ಮುಖದ ಹಿಂದೆ ಅಲ್ಲಿಯ ಗೋಡೆ ಕಾಣುವುದಿಲ್ಲ, ತವರಿನ ಕೋಣೆ ಕಾಣುತ್ತದೆ. ಆ ಹೊತ್ತಿಗೆ ಅಲ್ಲಿ ಏನು ನಡೆದಿದೆಯೋ ಅದೇ. ಸದ್ದು ಕೇಳಿಸುವುದಿಲ್ಲ, ತವರಿನವರಿಗೆ ಅವಳು ಕಾಣುವುದೂ ಇಲ್ಲ. ಎರಕ ಹೊಯ್ಯುವುದು ಯಜಮಾನನ ಅಂಗಳದಲ್ಲಿ, ತಿಂಗಳುಗಟ್ಟಲೆ ಉಜ್ಜುವುದು ನಮ್ಮ ನಮ್ಮ ಮನೆಗಳಲ್ಲಿ, ಆದರೆ ಕೊನೆಯ ಉಜ್ಜು ಮಾತ್ರ ಹುಡುಗಿಯ ತವರಿನಲ್ಲಿ, ಅವಳು ಆರಿಸಿದ ಕೋಣೆಯಲ್ಲಿ, ಅವಳ ತಾಯಿ ಉಟ್ಟು ಹಳೆಯದಾದ ಸೀರೆಯ ತುಂಡಿನಿಂದ. ಉಜ್ಜುವವನು ಕಣ್ಣಷ್ಟೇ ಬಿಟ್ಟು ಮುಖಕ್ಕೆಲ್ಲ ಅರಿವೆ ಸುತ್ತಿಕೊಳ್ಳಬೇಕು. ಬರಿಮುಖದಲ್ಲಿ ಉಜ್ಜಿದರೆ ಕನ್ನಡಿ ಕೋಣೆಯನ್ನು ಬಿಟ್ಟು ಆ ಮುಖವನ್ನೇ ಹಿಡಿಯುತ್ತದೆ. ಆಮೇಲೆ ಆ ಮನುಷ್ಯ ಎಲ್ಲಿಗೆ ಹೋದರೂ ಕನ್ನಡಿಯಲ್ಲಿ ಅವನೇ. ಅದು ದೋಷದ ಮಾಲು, ತಕ್ಷಣ ಒಡೆಯಬೇಕು. ಒಡೆಯುವುದಕ್ಕೂ ಒಂದು ನೇಮ. ಕೊನೆಯ ಉಜ್ಜು ಯಾರ ಕೈಯದೋ ಅವರ ಕೈಗೆ ಮಾತ್ರ ಅದು ಒಡೆಯುತ್ತದೆ. ಬೇರೆಯವರು ಎಷ್ಟು ಹೊಡೆದರೂ ಬರೀ ಗಂಟೆಯ ಸದ್ದು. ಇದು ನಾವು ಮಾಡಿದ ಕಟ್ಟಳೆಯಲ್ಲ, ಕನ್ನಡಿಯ ಗುಣವೇ ಹಾಗೆ. ಕೆಲಸ ಯಾರದು ಎಂಬ ಜಗಳ ನಮ್ಮ ಹನ್ನೆರಡು ಮನೆಯಲ್ಲಿ ಎಂದೂ ಹುಟ್ಟಿಲ್ಲ ಎಂದು ವೀರಭದ್ರಪ್ಪ ಮೀಸೆ ತಿರುವುತ್ತಿದ್ದ.

ನಮ್ಮ ಮನೆ ಉದ್ದಕ್ಕೆ ರೈಲಿನ ಡಬ್ಬಿಯಂತೆ ಇತ್ತು. ಮುಂದೆ ಪಡಸಾಲೆ, ಅಲ್ಲಿ ಅಪ್ಪ ಗಿರಾಕಿಗಳ ಜೊತೆ ಮಾತಾಡುವುದು. ನಡುವೆ ಉಜ್ಜುವ ಕೋಣೆ, ಅದಕ್ಕೆ ಮಾಡಿನಲ್ಲಿ ಒಂದೇ ಬೆಳಕಿಂಡಿ. ಹಿಂದೆ ಅಡುಗೆಮನೆ, ಅದರಾಚೆ ಬಚ್ಚಲು. ಗಿರಾಕಿಗಳಿಗೆ ಕಾಣುವುದು ಪಡಸಾಲೆ ಮಾತ್ರ. ಉಜ್ಜುವ ಕೋಣೆಯಲ್ಲಿ ದಿನವಿಡೀ ಕೂಡುತ್ತಿದ್ದವಳು ಅವ್ವ. ಭತ್ತದ ಹೊಟ್ಟು ಸುಟ್ಟು ಬೂದಿ ಮಾಡಿ, ಇಟ್ಟಿಗೆಯ ಪುಡಿ ಬೆರೆಸಿ, ಹಳೆಯ ಸೀರೆಯಲ್ಲಿ ಏಳು ಸಲ ಸೋಸಿ, ಔಡಲೆಣ್ಣೆಯಲ್ಲಿ ಕಲಸುವುದು ಅಕ್ಕನ ಮತ್ತು ನನ್ನ ಕೆಲಸ. ನಮ್ಮ ಉಗುರಿನ ಸಂದಿಯ ಕಪ್ಪು ಎಂದೂ ಹೋಗುತ್ತಿರಲಿಲ್ಲ. ಅವ್ವ ಒಂದು ಕನ್ನಡಿಯನ್ನು ನಾಲ್ಕು ತಿಂಗಳು ಉಜ್ಜುತ್ತಿದ್ದಳು, ಕೊನೆಗೆ ಒಂದು ಕೂದಲೆಳೆಯಷ್ಟು ಮಸುಕು ಬಿಟ್ಟು ಅಪ್ಪನ ಕೈಗೆ ಕೊಡುತ್ತಿದ್ದಳು. ಅಪ್ಪ ಮಡಿಯಲ್ಲಿ ತಲೆಗೆ ಪಟಕ ಸುತ್ತಿ, ಹೆಣ್ಣಿನ ಮನೆಗೆ ಹೋಗಿ, ಅರ್ಧ ತಾಸು ಉಜ್ಜಿ, ಹೋಳಿಗೆ ಊಟ ಮಾಡಿ ಬರುತ್ತಿದ್ದ. ಕನ್ನಡಿಯ ಬೆನ್ನಿಗೆ ಅಪ್ಪನ ಹೆಸರು. ಈ ಅರ್ಧ ತಾಸನ್ನೇ ನಮ್ಮ ಕುಲದಲ್ಲಿ ಕಲೆ ಎನ್ನುತ್ತಿದ್ದರು, ಉಳಿದ ನಾಲ್ಕು ತಿಂಗಳಿಗೆ ಮನೆಗೆಲಸ ಎಂದು ಹೆಸರು.

ಒಂದು ಮಧ್ಯಾಹ್ನ ಹಲಗೇರಿಯ ಒಬ್ಬ ಹೆಣ್ಣುಮಗಳು ಬಂದಿದ್ದಳು. ಕದರಮಂಡಲಗಿಗೆ ಕೊಟ್ಟ ಹುಡುಗಿ, ವರ್ಷದ ಹಿಂದೆ ಅವಳ ಕನ್ನಡಿ ನಮ್ಮ ಮನೆಯಲ್ಲೇ ಆಗಿತ್ತು. ಮಡಿಲಲ್ಲಿ ಕೂಸು, ಕೈಯಲ್ಲಿ ಒಂದು ಗಂಟು ಹಸಿಶೇಂಗಾ. ಪಡಸಾಲೆಯ ಮೆಟ್ಟಿಲ ಮೇಲೆ ಕೂತು ಅಪ್ಪನಿಗೆ ಹೇಳಿದಳು.

"ಬಾಣಂತನಕ್ಕೂ ತವರಿಗೆ ಕಳಸಲಿಲ್ಲ, ತಿಂಗಳಗಟ್ಲೆ ಮೂಲ್ಯಾಗ ಕುಂತಿದ್ದೆ ನೋಡ್ರಿ, ದಿನಾ ಅದನ್ನ ಹಿಡ್ಕೊಂಡು ನೋಡೋದು. ನಮ್ಮವ್ವ ಪುಂಡಿಪಲ್ಲೆ ಸೋಸೋದು ಕಾಣತಿತ್ತು. ನನಗ ಹುಚ್ಚು ಹಿಡೀದಂಗ ಉಳಸಿದ್ದು ನಿಮ್ಮ ಕೈರಿ."

ಅಪ್ಪ ತಲೆದೂಗಿದ. ಬಾಗಿಲ ಹಿಂದೆ ನಿಂತಿದ್ದ ಅವ್ವ ತನ್ನ ಎರಡೂ ಅಂಗೈಗಳನ್ನು ಒಮ್ಮೆ ತಿರುವಿ ನೋಡಿಕೊಂಡಳು. ಆಮೇಲೆ ನನ್ನ ಕಡೆ ನೋಡಿ, ಒಲೆಯ ಮೇಲೆ ಎಸರು ಇಟ್ಟಿದ್ದೇನೆ ಎಂದು ಒಳಗೆ ಹೋದಳು.

ಇನ್ನು ನಮ್ಮ ಕುಲದ ಹೆಣ್ಣುಮಕ್ಕಳ ಮಾತು. ಊರ ಹೆಣ್ಣುಮಕ್ಕಳಿಗೆಲ್ಲ ತವರು ಹಂಚಿದ ಈ ಹನ್ನೆರಡು ಮನೆಯವರು ತಮ್ಮ ಮಕ್ಕಳಿಗೆ ಏನು ಕೊಡುತ್ತಿದ್ದರು ಗೊತ್ತೇ? ಬರೀ ಚೌಕಟ್ಟು. ಕನ್ನಡಿ ಕೂಡಬೇಕಾದ ಕಟ್ಟಿಗೆಯ ಚೌಕಟ್ಟಿಗೆ ಅರಿಷಿಣ ಕುಂಕುಮ ಹಚ್ಚಿ, ಒಳಗೆ ಏನೂ ಇಲ್ಲದೆ, ಮಡಿಲಿಗೆ ಹಾಕಿ ಕಳಿಸುವುದು. ಒಂದೊಂದು ಮನೆಯ ಪುಡಿಯ ಹದ ಒಂದೊಂದು, ಮಗಳು ತವರಿನ ಉಜ್ಜುವ ಕೋಣೆ ನೋಡುತ್ತ ಕೂತರೆ ಗುಟ್ಟು ಬೀಗರ ಪಾಲಾಗುತ್ತದೆ ಎಂದು ಕಾರಣ ಕೊಡುತ್ತಿದ್ದರು. ಆ ಪುಡಿ ಕಲಸಿದವರು ಯಾರು? ಏಳು ವರ್ಷದವಳಿದ್ದಾಗಿನಿಂದ ಅಕ್ಕ ಕಲಸಿದ್ದಾಳೆ. ಗುಟ್ಟು ಅವಳ ಉಗುರಿನಲ್ಲಿತ್ತು. ಇಷ್ಟು ಸಣ್ಣ ಮಾತು ಆ ಮೀಸೆಗಳಿಗೆ ಹೊಳೆದಿರಲಿಲ್ಲವೇ? ಹೊಳೆದಿತ್ತು. ಕಟ್ಟಿದ ಕಟ್ಟಳೆಯ ಮೇಲೆ ಕೂತವರಿಗೆ ಏಳಲು ಮನಸ್ಸಿರಲಿಲ್ಲ. ಹದಿನೇಳಕ್ಕೆ ಅಕ್ಕನನ್ನು ಬ್ಯಾಡಗಿಗೆ ಕೊಟ್ಟರು. ಒಂದು ತಾಸಿನ ಬಸ್ಸಿನ ಹಾದಿ, ಆದರೆ ಅತ್ತೆ ಕಳಿಸಬೇಕಲ್ಲ. ಅವಳು ಆ ಚೌಕಟ್ಟನ್ನು ತನ್ನ ಕೋಣೆಯ ಗೋಡೆಗೆ ತೂಗುಹಾಕಿಕೊಂಡಿದ್ದಳು. ನಾನು ಒಮ್ಮೆ ಹೋದಾಗ ಕಂಡೆ: ಚೌಕಟ್ಟಿನೊಳಗೆ ಸುಣ್ಣ ಬಳಿದ ಗೋಡೆ, ಅದರ ಮೇಲೊಂದು ಬಿರುಕು. ಅವಳು ಅದರ ಎದುರು ನಿಂತು ತಲೆ ಬಾಚಿಕೊಳ್ಳುತ್ತಿದ್ದಳು.

ಅದನ್ನು ಬಂದು ಅವ್ವನಿಗೆ ಹೇಳಿದ್ದು ನಾನೇ. ಅಂದು ಸಂಜೆ ಊಟಕ್ಕೆ ರೊಟ್ಟಿ, ಬದನೆಕಾಯಿ ಎಣಗಾಯಿ. ಅವ್ವ ಬಡಿಸುತ್ತ ನಿಂತವಳು ಕೈ ತಡೆದಳು.

"ಊರ ಮಂದಿ ಮಕ್ಕಳಿಗೆಲ್ಲ ಮಾಡಿ ಕೊಡ್ತೀರಿ. ನಮ್ಮ ಗಿರಿಜಾ ಏನು ಪಾಪ ಮಾಡ್ಯಾಳ?"

"ದೈವದ ಕಟ್ಟಳಿ ಐತಿ."

"ಕಟ್ಟಳಿ ಮಾಡಿದವರೊಳಗ ಯಾರರೆ ಗಂಡನ ಮನಿಗೆ ಹೋಗ್ಯಾರೇನು?"

ಅಪ್ಪ ತಾಟು ಸರಿಸಿ ಎದ್ದ. ನಮ್ಮ ಮನೆಯಲ್ಲಿ ವಾದಕ್ಕೆ ಉತ್ತರ ಸಿಗದಿದ್ದಾಗ ತಾಟು ಸರಿಯುತ್ತಿತ್ತು. ಉಳಿದ ಎಣಗಾಯಿ ನಾನು ಉಂಡೆ, ಅವ್ವ ಉಣ್ಣಲಿಲ್ಲ.

ಹದಿನೈದು ದಿನಕ್ಕೆ ಖಾರ ಹುರಿಯುವ ದಿನ ಬಂತು. ವರ್ಷಕ್ಕಾಗುವಷ್ಟು ಮೆಣಸಿನಕಾಯಿ ಹುರಿಯುವಾಗ ಗಂಡಸರು ಮನೆಯಲ್ಲಿ ನಿಲ್ಲುತ್ತಿರಲಿಲ್ಲ, ಕೆಮ್ಮುತ್ತ ಕಟ್ಟೆಗೆ ಹೋಗಿ ಕೂಡುತ್ತಿದ್ದರು. ಬ್ಯಾಡಗಿ ಕಾಯಿಗೆ ಬಣ್ಣ ಹೆಚ್ಚು, ಘಾಟು ಕಡಿಮೆ. ಆ ಸಲ ಅವ್ವ ಅರ್ಧಕ್ಕರ್ಧ ಗುಂಟೂರು ಕಾಯಿ ಬೆರೆಸಿದ್ದಳು. ಹಂಚು ಕಾಯುತ್ತಿದ್ದ ಹಾಗೆ ಓಣಿಯೇ ಖಾಲಿಯಾಯಿತು. ಆಗ ನನ್ನನ್ನು ಅಡುಗೆಮನೆಯ ಬಾಗಿಲಿಗೆ ನಿಲ್ಲಿಸಿ ಹಿಟ್ಟಿನ ಡಬ್ಬಿಯೊಳಗಿಂದ ಒಂದು ಕನ್ನಡಿ ತೆಗೆದಳು. ಅಕ್ಕನ ಮದುವೆಯಾದಾಗಿನಿಂದಲೇ ನಾಲ್ಕು ತಿಂಗಳು ಬೇರೆ ಕನ್ನಡಿಗಳ ನಡುವೆ ಅದನ್ನೂ ಉಜ್ಜಿದ್ದಳು, ಅಪ್ಪನ ಕಣ್ಣೆದುರಿಗೇ. ಎಷ್ಟು ಕನ್ನಡಿ ಉಜ್ಜಿದ್ದಾಳೆ ಎಂದು ಅಪ್ಪ ಎಂದೂ ನೋಡಿದವನಲ್ಲ. ಮುಖಕ್ಕೆ ಸೆರಗು ಸುತ್ತಿ, ತನ್ನದೇ ಹಳೆಯ ಇಳಕಲ್ ಸೀರೆಯ ತುಂಡು ಹಿಡಿದು, ಒಲೆಯ ಕಡೆ ಕನ್ನಡಿ ತಿರುಗಿಸಿ ಉಜ್ಜತೊಡಗಿದಳು. ಅಪ್ಪ ಉಜ್ಜುವುದನ್ನು ನಾನು ನೋಡಿದ್ದೆ, ಅವನದು ಆತುರದ ಕೈ. ಅವ್ವನ ಕೈ ಕೂಸಿಗೆ ಎಣ್ಣೆ ಹಚ್ಚುವ ಹಾಗೆ ಹೋಗುತ್ತಿತ್ತು. ಮಸುಕು ಹೋಗಿ ಒಲೆಯ ಬೆಂಕಿ ಅದರಲ್ಲಿ ಕೆಂಪಗೆ ಕಂಡಿತು. ಅಷ್ಟರಲ್ಲಿ ಘಾಟು ಅವಳ ಮೂಗಿಗೇ ಏರಿತು. ಗಂಡಸರನ್ನು ಓಡಿಸಲು ಹಾಕಿದ ಗುಂಟೂರು ಕಾಯಿ ಅವಳನ್ನೂ ಬಿಡಲಿಲ್ಲ. ಒಂದು ಸೀನು, ಎರಡು, ಮೂರನೆಯದಕ್ಕೆ ಸೆರಗು ಜಾರಿತು. ಕಣ್ಣಲ್ಲಿ ನೀರು, ಮೂಗು ಕೆಂಪು, ಬರಿಮುಖ. ಕೈ ಇನ್ನೂ ಕನ್ನಡಿಯ ಮೇಲಿತ್ತು.

"ಹಿಡೀತು," ಎಂದಳು.

ಆಗಲೇ ಒಡೆಯಬೇಕಿತ್ತು, ನೇಮ ಅವಳಿಗೂ ಗೊತ್ತಿತ್ತು. ಒರಳುಕಲ್ಲಿನ ಗುಂಡು ಕೈಗೆತ್ತಿಕೊಂಡಳು. ಆಮೇಲೆ ಗುಂಡನ್ನು ಕೆಳಗಿಟ್ಟು, ಕನ್ನಡಿಯನ್ನು ಆ ಸೀರೆಯ ತುಂಡಿನಲ್ಲಿ ಸುತ್ತಿದಳು. ಪಂಚಮಿಗೆ ಅಕ್ಕ ಒಂದೇ ದಿನದ ಮಟ್ಟಿಗೆ ಬಂದಾಗ ಅದು ಶೇಂಗಾ ಉಂಡಿಯ ಡಬ್ಬಿಯ ತಳದಲ್ಲಿ ಬ್ಯಾಡಗಿಗೆ ಹೋಯಿತು.

ಅಲ್ಲಿಂದ ಮುಂದೆ ನಮ್ಮ ಅವ್ವ ಬೇರೆ ಹೆಂಗಸಾದಳು. ತನ್ನನ್ನು ಮಗಳು ಯಾವ ಹೊತ್ತಿಗಾದರೂ ನೋಡುತ್ತಿರಬಹುದು ಎಂದು ತಿಳಿದವಳ ನಡೆ ಅದು. ಸಂತೆಯಿಂದ ಬದನೆಕಾಯಿ ತಂದರೆ ಒಂದನ್ನು ಎತ್ತಿ ಗಾಳಿಗೆ ತೋರಿಸುವಳು. ನನ್ನ ಬೈತಲೆ ತೆಗೆದು, ಗದ್ದ ಹಿಡಿದು ನನ್ನ ಮುಖವನ್ನು ತನ್ನ ಮುಖದ ಪಕ್ಕಕ್ಕೆ ತಂದು ಒಂದು ಗಳಿಗೆ ಹಿಡಿಯುವಳು, ಅಕ್ಕನಿಗೆ ಕಾಣಲಿ ಎಂದು. ಅಪ್ಪ ತಾಟು ಸರಿಸಿ ಎದ್ದರೂ ಅವ್ವ ಅಳುತ್ತಿರಲಿಲ್ಲ. ಅಪ್ಪನಿಗೆ ಇದು ಹೆಂಡತಿ ಕಡೆಗೂ ತಿದ್ದಿಕೊಂಡ ಲಕ್ಷಣವಾಗಿ ಕಂಡಿತು. ಓಣಿಯಲ್ಲಿ ಹೇಳಿಕೊಂಡೂ ಬಂದ. ಎಂಟು ತಿಂಗಳು ನಮ್ಮ ಮನೆಯಲ್ಲಿ ನಗು ಇತ್ತು. ಮಂಜುನಾಥ ಕೇಳಿದ ಸವಿನೆನಪು ಅಷ್ಟೇ, ಬರೆದಿದ್ದೇನೆ.

ಎಂಟು ತಿಂಗಳಾದ ಮೇಲೆ ಅಕ್ಕನ ಕೈಯ ಕನ್ನಡಿಯಲ್ಲಿ ಅವ್ವನ ಮುಖ ಇರುವುದನ್ನು ಅವಳ ಅತ್ತೆ ಬಾಗಿಲ ಸಂದಿಯಿಂದ ನೋಡಿದಳು. ಮಾವನಿಗೆ ಹೇಳಿದಳು, ಮಾವ ಬೈದು ಬೆದರಿಸಿ ಕೇಳಿದ. ಅಕ್ಕ ಕನ್ನಡಿ ಎಲ್ಲಿಟ್ಟಿದ್ದೇನೆಂದು ಬಾಯಿ ಬಿಡಲಿಲ್ಲ. ಅದು ಜೋಳ ತುಂಬಿದ ಮಣ್ಣಿನ ಹರವಿಯೊಳಗಿತ್ತು. ಮಾವ ಮೊದಲ ಬಸ್ಸಿಗೆ ರಾಣೆಬೆನ್ನೂರಿಗೆ ಬಂದು ಯಜಮಾನನ ಮುಂದೆ ದೂರು ಇಟ್ಟ. ಮರುದಿನ ಬೆಳಗ್ಗೆಯೇ ದೈವ ಕೂಡಿತು. ಯಜಮಾನನ ಮನೆಯ ಎರಕದ ಅಂಗಳದಲ್ಲಿ ಜಮಖಾನೆ ಹಾಸಿ ಹನ್ನೆರಡು ಮನೆಯ ಗಂಡಸರು ಕೂತರು. ನಡುವೆ ಕಂಚು ಬಡಿಯುವ ಅಡಿಗಲ್ಲು, ಅದರ ಮೇಲೆ ಸುತ್ತಿಗೆ. ಹೆಂಗಸರು ಅಲ್ಲಿ ಕೂಡುವ ಹಾಗಿಲ್ಲ. ಅವ್ವ ಬೇವಿನ ಗಿಡದ ಪಕ್ಕ ನಿಂತಳು, ನಾನು ಅವಳ ಸೆರಗು ಹಿಡಿದು ನಿಂತೆ. ಎಂಟು ಗಂಟೆಗೆ ನಿಂತವಳನ್ನು ಹತ್ತಾದರೂ ಯಾರೂ ಮಾತಾಡಿಸಲಿಲ್ಲ. ಮಂಡಕ್ಕಿ, ಮಿರ್ಚಿ ಬಂದವು, ಚಹಾ ಬಂತು. ಒಬ್ಬ ನನ್ನ ಕೈಗೊಂದು ಮಿರ್ಚಿ ಕೊಟ್ಟ, ಅವ್ವನಿಗೆ ನೀರು ಬೇಕೇ ಎಂದು ಕೇಳಲಿಲ್ಲ. ಆ ಮಿರ್ಚಿ ನಾನು ತಿಂದೆ. ಅದಕ್ಕೆ ಇವತ್ತಿಗೂ ನನ್ನ ಮೇಲೆ ನನಗೆ ಸಿಟ್ಟಿದೆ.

ಕಡೆಗೆ ವೀರಭದ್ರಪ್ಪ ಬಾಯಿ ಒರೆಸಿಕೊಂಡ.

"ಕಡೀ ಉಜ್ಜು ಯಾರದು?"

ಅಪ್ಪ ಎದ್ದು ನಿಂತ, ಕೈ ಮುಗಿದ.

"ನಂದಽರಿ. ನಾ ಉಜ್ಜಾಕತ್ತಿದ್ದೆ, ಆಕಿ ಅಡ್ಡ ಬಂದ್ಲು, ಕನ್ನಡಿ ಆಕೀನ್ನ ಹಿಡೀತು. ಮಗಳ ಮ್ಯಾಲಿನ ಮೋಹಕ್ಕ ಒಡೀಲಿಲ್ಲ. ತಪ್ಪು ನಂದು, ಆಕೀನ ಬಿಡ್ರಿ."

ಸಭೆಗೆ ಹಗುರವಾಯಿತು. ಹೆಂಡತಿಯ ಸಲುವಾಗಿ ತಲೆ ತಗ್ಗಿಸಿದ ಗಂಡಸು! ನಾಲ್ಕು ಜನ ಮೆಚ್ಚಿ ತಲೆ ಆಡಿಸಿದರು. ಒಬ್ಬ ಮುದುಕ ಕಣ್ಣೊರೆಸಿಕೊಂಡ. ಅವ್ವ ಅಪ್ಪನನ್ನು ನೋಡಿದ ನೋಟ ನನಗೆ ನೆನಪಿದೆ. ಕೈಯೊಳಗಿನ ರೊಟ್ಟಿಯನ್ನು ಕಸಿದುಕೊಂಡವನನ್ನು ನೋಡಿದ ಹಾಗೆ ನೋಡಿದಳು.

"ಅದು ಖರೇ ಅಲ್ರಿ," ಎಂದಳು. "ಉಜ್ಜಿದಾಕಿ ನಾನು."

"ನಿನ್ನ ಯಾರು ಕೇಳ್ಯಾರ ಬೇ? ಗಂಡ ನಿನ್ನ ಮಾನ ಉಳಸಾಕತ್ತಾನ. ಸುಮ್ನ ನಿಂದರು," ಎಂದ ವೀರಭದ್ರಪ್ಪ.

"ಮಾನ ನಾ ಕೇಳಿಲ್ರಿ. ಕೆಲಸ ನಂದು ಅಂತ ಹೇಳಾಕತ್ತೇನಿ."

ಯಜಮಾನ ಅವಳ ಮಾತು ಕೇಳಿಸದವನಂತೆ ಅಪ್ಪನ ಕಡೆ ತಿರುಗಿ, ಕನ್ನಡಿ ತರಿಸಿ ಅವನ ಕೈಯಿಂದಲೇ ಒಡೆಸುವುದೆಂದು ತೀರ್ಪು ಹೇಳುತ್ತಿದ್ದ. ಆಗ ಅಂಗಳದ ಬಾಗಿಲಲ್ಲಿ ಅಕ್ಕ ನಿಂತಿದ್ದಳು. ಕಂಕುಳಲ್ಲಿ ಕನ್ನಡಿ, ಕಾಲಿಗೆ ಮೊಣಕಾಲವರೆಗೆ ಧೂಳು. ಬೆಳಗ್ಗೆ ಹರವಿಯೊಳಗಿಂದ ತೆಗೆದು ನೋಡಿದಾಗ ತನ್ನ ಮುಖದ ಹಿಂದೆ ಅವ್ವ ಬೇವಿನ ಗಿಡದ ಕೆಳಗೆ ನಿಂತದ್ದು ಕಂಡಿತಂತೆ. ಆ ಗಿಡ ಯಾರ ಅಂಗಳದ್ದು ಎಂದು ನಮ್ಮ ಕುಲದಲ್ಲಿ ಯಾರಿಗೆ ಗೊತ್ತಿಲ್ಲ? ಸ್ವಲ್ಪ ಹೊತ್ತು ಬಿಟ್ಟು ನೋಡಿದಳು, ಅವ್ವ ಅಲ್ಲೇ ನಿಂತಿದ್ದಳು. ಅತ್ತೆಗೆ ಹೇಳದೆ ಬಸ್ಸು ಹತ್ತಿದಳು. ಈಗ ಗಂಡಸರ ನಡುವೆ ನೆಟ್ಟಗೆ ನಡೆದು ಬಂದು, ಮಾವನ ಕಡೆ ನೋಡದೆ, ಕನ್ನಡಿಯನ್ನು ತಾನೇ ಅಡಿಗಲ್ಲಿನ ಮೇಲಿಟ್ಟಳು.

"ಒಡಿ ಅಪ್ಪಾ. ನೀ ಉ‌ಜ್ಜಿದ್ದಾದರ ನಿನ್ನ ಕೈಗೆ ಒಡೀತೈತಿ."

ಅಪ್ಪ ಸುತ್ತಿಗೆ ಎತ್ತಿದ. ಹೊಡೆದ. ಗುಡಿಯ ಗಂಟೆ ಬಾರಿಸಿದ ಹಾಗೆ ಸದ್ದು ಹೊರಟು ಓಣಿಯ ತುದಿಯವರೆಗೆ ಹೋಯಿತು. ಕನ್ನಡಿಯ ಮೇಲೆ ಒಂದು ಗೆರೆ ಕೂಡ ಇಲ್ಲ. ಇನ್ನೊಮ್ಮೆ ಹೊಡೆದ, ಅದೇ ಸದ್ದು. ಮೂರನೆಯ ಸಲ ಎರಡೂ ಕೈಯಿಂದ ಹೊಡೆದ, ಸುತ್ತಿಗೆ ಪುಟಿದು ಅವನ ಮೊಣಕಾಲಿಗೆ ಬಿತ್ತು. ತೊಟ್ಟಿಲಲ್ಲಿದ್ದಾಗಿನಿಂದ ಆ ನೇಮ ಕೇಳುತ್ತ ಬೆಳೆದ ಹನ್ನೆರಡು ಮನೆಯ ಗಂಡಸರು, ಕೆಲಸ ಯಾರದು ಎಂಬ ಜಗಳವೇ ನಮ್ಮಲ್ಲಿಲ್ಲ ಎಂದು ಮೀಸೆ ತಿರುವಿದವರು, ಅಲ್ಲಿ ಕೂತು ಆ ಸದ್ದನ್ನು ಮೂರು ಸಲ ಕೇಳಿದರು. ಆಮೇಲೆ ವೀರಭದ್ರಪ್ಪ ಎದ್ದು ಬಂದ. ಕನ್ನಡಿಯ ಕಡೆ ನೋಡಲಿಲ್ಲ. ಸುತ್ತಿಗೆಯನ್ನು ಎತ್ತಿಕೊಂಡು ತಿರುವಿ ಮುರುವಿ ನೋಡಿದ.

"ಹಿಡಿ ಸಡ್ಲಾಗೇತಿ," ಎಂದ.

ಸುತ್ತಿಗೆ ಕೈಯಿಂದ ಕೈಗೆ ಹೋಯಿತು. ಒಬ್ಬ ತೂಕ ಸಾಲದು ಎಂದ. ಒಬ್ಬ ಸಂತೆಯ ಮಾಲು ಎಂದ. ಅಕ್ಕನ ಮಾವ ಅದನ್ನು ಕಿವಿಯ ಹತ್ತಿರ ಹಿಡಿದು ಬೆರಳಿನಿಂದ ಬಡಿದು, ಕಬ್ಬಿಣದಲ್ಲೇ ಐಬು ಇದೆ ಎಂದ. ನಾನು ಹತ್ತು ವರ್ಷದವಳು, ಎಲ್ಲರೂ ಸೇರಿ ಆಟ ಆಡುತ್ತಿದ್ದಾರೆಂದೇ ತಿಳಿದೆ. ಕಡೆಗೆ ಸುತ್ತಿಗೆ ಅಪ್ಪನ ಕೈಗೆ ಬಂತು. ಅಪ್ಪನೂ ಹಿಡಿಯನ್ನು ಅಲುಗಿಸಿ ನೋಡಿದ.

ಆಗ ಅವ್ವ ಬೇವಿನ ಗಿಡ ಬಿಟ್ಟು ಜಮಖಾನೆಯ ಅಂಚಿಗೆ ಬಂದು ಕೈ ಚಾಚಿದಳು.

"ನನ್ನ ಕೈಯಾಗ ಕೊಡ್ರಿ. ಇದು ನಿನ್ನ ಕೆಲಸ ಅಂತ ಒಂದು ಮಾತು ಹೇಳ್ರಿ, ಸಾಕು. ಈಗಿಂದೀಗ ನಾನಽ ಒಡದು ಕೊಡ್ತೇನಿ."

ನಾನು ಅಕ್ಕನ ಮುಖ ನೋಡಿದೆ. ಆ ಕನ್ನಡಿ ಹೋದರೆ ಅವಳಿಗೆ ಮತ್ತೆ ಗೋಡೆಯ ಬಿರುಕೇ ಗತಿ. ಅಕ್ಕ ತುಟಿ ಕಚ್ಚಿಕೊಂಡು, ಹೂಂ ಎಂದು ತಲೆ ಆಡಿಸಿದಳು. ಒಂದು ಮಾತು. ಅಷ್ಟು ಜನರಲ್ಲಿ ಒಬ್ಬ ಹೇಳಿದ್ದರೂ ಅವರ ಕಟ್ಟಳೆ ಉಳಿಯುತ್ತಿತ್ತು, ದೋಷದ ಮಾಲು ಹೋಗುತ್ತಿತ್ತು, ಅವರಿಗೆ ಬೇಕಾದದ್ದೆಲ್ಲ ಆಗುತ್ತಿತ್ತು. ಅವ್ವನ ಕೈ ಚಾಚಿದ ಹಾಗೆಯೇ ಇತ್ತು, ಅಂಗೈಯ ಗೆರೆಗಳಲ್ಲಿ ಪುಡಿಯ ಕಪ್ಪು. ಅವಳು ಯಜಮಾನನನ್ನು ನೋಡುತ್ತಿರಲಿಲ್ಲ, ಅಪ್ಪನನ್ನು ನೋಡುತ್ತಿದ್ದಳು. ಅಪ್ಪ ಸುತ್ತಿಗೆಯನ್ನು ನೋಡುತ್ತಿದ್ದ. ಯಾರೂ ಹೇಳಲಿಲ್ಲ. ದೋಷದ ಕನ್ನಡಿಯನ್ನು ಜಗತ್ತಿನಲ್ಲಿ ಉಳಿಯಲು ಬಿಟ್ಟರು, ಆ ಮಾತನ್ನು ಬಾಯಿಂದ ಹೊರಡಿಸಲಿಲ್ಲ.

"ಬರ್ಕೊಳ್ರಿ," ಎಂದ ವೀರಭದ್ರಪ್ಪ. "ಸುತ್ತಿಗಿ ದೋಷದಿಂದ ಒಡೀಲಿಲ್ಲ. ಕನ್ನಡಿ ಒಯ್ಯವಾ, ಹಾಳಾಗಿ ಹೋಗ್ಲಿ."

ದೈವವೇ ಬಿಟ್ಟ ಮೇಲೆ ಅಕ್ಕನ ಅತ್ತೆ ಮಾವನಿಗೆ ಮಾತಿರಲಿಲ್ಲ, ಕನ್ನಡಿ ಬ್ಯಾಡಗಿಗೆ ಹೋಯಿತು. ಸುತ್ತಿಗೆಯನ್ನು ಯಾರೋ ಬೇವಿನ ಬುಡಕ್ಕೆ ಎಸೆದರು. ಅವ್ವ ಹೋಗುವಾಗ ಅದನ್ನು ಎತ್ತಿಕೊಂಡು ಸೆರಗಿನಲ್ಲಿ ಕಟ್ಟಿಕೊಂಡಳು. ಅಂದು ಸಂಜೆ ಅಪ್ಪ ಪಡಸಾಲೆಯಲ್ಲಿ ಕೂತು, ಮೊಣಕಾಲಿಗೆ ಎಣ್ಣೆ ತಿಕ್ಕಿಕೊಳ್ಳುತ್ತ ಒಳಗೆ ಕೇಳುವ ಹಾಗೆ ಹೇಳಿದ.

"ನಿನ್ನ ಸಲುವಾಗಿ ಮಂದಿ ಮುಂದ ತಲಿ ತಗ್ಗಿಸಿದೆ. ಒಂದು ಮಾತರೆ ಆಡು."

ಅವ್ವ ಬೆಲ್ಲದ ಪೆಂಟೆಯನ್ನು ಅವನ ಎದುರಿಗೇ ನೆಲದ ಮೇಲಿಟ್ಟು, ಸೆರಗಿನಿಂದ ಆ ಸುತ್ತಿಗೆ ಬಿಚ್ಚಿ ಹೊಡೆದಳು. ಒಂದೇ ಪೆಟ್ಟಿಗೆ ಎರಡು ಹೋಳಾಯಿತು. ಒಂದು ಚೂರನ್ನು ಚಹಾದ ಜೊತೆ ಅವನ ಮುಂದಿಟ್ಟು ಒಳಗೆ ಬಂದಳು. ಅಲ್ಲಿಂದ ಅವ್ವ ಸಾಯುವವರೆಗೂ ನಮ್ಮ ಮನೆಯ ಬೆಲ್ಲ, ಒಣಕೊಬ್ಬರಿ ಒಡೆದದ್ದು ಅದೇ ಸುತ್ತಿಗೆ. ಅದರ ಹಿಡಿ ಎಂದೂ ಸಡಿಲಾಗಲಿಲ್ಲ.

ನನ್ನ ಅಪ್ಪ ಕೆಟ್ಟವನಲ್ಲ. ಹೆಂಡತಿಗೆ ಕೈ ಎತ್ತಿದವನಲ್ಲ, ನನ್ನನ್ನು ಓದಿಸಿದ, ಜ್ವರ ಬಂದಾಗ ಹೆಗಲ ಮೇಲೆ ಹೊತ್ತು ದವಾಖಾನೆಗೆ ಒಯ್ದ. ತಾನು ಅಂದು ಹೆಂಡತಿಯನ್ನು ಉಳಿಸಿದೆ ಎಂದು ಖರೇನೇ ನಂಬಿದ್ದ, ನಂಬಿಕೊಂಡೇ ಸತ್ತ. ನನ್ನ ಸಿಟ್ಟು ತಣ್ಣಗಾಗದಿರುವುದು ಅದಕ್ಕೇ. ಅವಳ ಬದುಕಿನಲ್ಲಿ ಅವಳದೇ ಎಂದು ಇದ್ದದ್ದು ಒಂದು ಕೆಲಸ. ಅದನ್ನೂ ಅವನು ಉಪಕಾರದ ಹೆಸರಿನಲ್ಲಿ ತೆಗೆದುಕೊಂಡ, ಊರೆಲ್ಲ ಅವನನ್ನು ಹೊಗಳಿತು. ನನ್ನ ಮದುವೆಯಲ್ಲಿ ದೈವದವರು ಚೌಕಟ್ಟು ತಂದಾಗ ನಾನು ಅದನ್ನು ಎಲ್ಲರೆದುರು ಒಲೆಗೆ ಹಾಕಿದೆ. ಹುಡುಗಿಗೆ ಸೊಕ್ಕು ಎಂದರು. ಸೊಕ್ಕಲ್ಲ, ಆ ಅಂಗಳದಲ್ಲಿ ತಿಂದ ಮಿರ್ಚಿಯ ಖಾರ ಅದು.

ಅವ್ವ ಹೋದ ದಿನ ಬ್ಯಾಡಗಿಯಲ್ಲಿ ಅಕ್ಕನಿಗೆ ಕನ್ನಡಿಯಲ್ಲೇ ತಿಳಿಯಿತು. ಅಂದಿನಿಂದ ಅದು ಎಲ್ಲ ಕನ್ನಡಿಗಳ ಹಾಗೆ ಹಿಂದಿನ ಗೋಡೆಯನ್ನೇ ತೋರಿಸುತ್ತದೆ. ಇನ್ನು ನನಗೆ ಇದನ್ನು ನೋಡಲಾಗುವುದಿಲ್ಲ ಎಂದು ಅಕ್ಕ ಅದನ್ನು ನನಗೆ ತಂದುಕೊಟ್ಟಳು. ಹಾವೇರಿಯ ನನ್ನ ಮನೆಯಲ್ಲಿ ಅದು ಬಚ್ಚಲ ಪಕ್ಕದ ಗೋಡೆಯ ಮೇಲಿದೆ. ದಿನಾ ಬೆಳಗ್ಗೆ ಅದರಲ್ಲಿ ಬೈತಲೆ ನೋಡಿಕೊಳ್ಳುತ್ತೇನೆ. ಬೈತಲೆ ಈಗಲೂ ಸ್ವಲ್ಪ ಸೊಟ್ಟ.

ಇಷ್ಟು ಬರೆದು ಮುಗಿಸಿದ್ದೆ, ನಿನ್ನೆ ಮಂಜುನಾಥ ಬಂದ. ಬಚ್ಚಲಿಗೆ ಕೈಕಾಲು ತೊಳೆಯಲು ಹೋದವನು ಕನ್ನಡಿ ಕಂಡು ಅಲ್ಲೇ ನಿಂತ.

"ಇದಽ ಅಲ್ರಿ ಆ ಕನ್ನಡಿ! ಪ್ರದರ್ಶನಕ್ಕ ಕೊಡ್ರಿ ಅಕ್ಕಾರ. ಅಪ್ಪಾರ ಹೆಸರಿನ ಚೀಟಿ ಹಚ್ಚಿ ನಟ್ಟನಡುವ ಇಡ್ತೇವಿ."

"ಅವ್ವನ ಹೆಸರು ಬರಿ, ಈಗಽ ಒಯ್ಯಿ."

"ದಾಖಲೆದಾಗ ಅಪ್ಪಾರ ಹೆಸರೈತ್ರಿ. ನಾ ಏನು ಮಾಡ್ಲಿ?"

ನಾನು ಅಡುಗೆಮನೆಗೆ ಹೋಗಿ, ಅವ್ವ ಹೋದ ಮೇಲೆ ನನ್ನ ಪಾಲಿಗೆ ಬಂದ ಆ ಸುತ್ತಿಗೆಯನ್ನು ಬೆಲ್ಲದ ಡಬ್ಬಿಯ ಪಕ್ಕದಿಂದ ತಂದು ಮೇಜಿನ ಮೇಲಿಟ್ಟೆ.

"ನೀನೂ ಕನ್ನಡಿಗಾರರ ಮನಿ ಮಗ. ಉಜ್ಜಿದವರ ಕೈಗೆ ಒಡೀತೈತಿ, ಖರೇ ಹೌದಲ್ಲ? ಅಪ್ಪ ಇದರಲೇ ಮೂರು ಸಲ ಹೊಡದ. ಯಾಕ ಒಡೀಲಿಲ್ಲ, ನೀನಽ ಹೇಳು."

ಮಂಜುನಾಥ ಒಳ್ಳೆಯ ಹುಡುಗ. ಓದಿದವನು, ಹೆಂಡತಿಗೆ ಅಡುಗೆಯಲ್ಲಿ ನೆರವಾಗುವವನು, ಇಬ್ಬರು ಹೆಣ್ಣುಮಕ್ಕಳ ತಂದೆ. ಅವನ ಮುಖ ಕೆಂಪಾಯಿತು. ಬಾಯಿ ತೆರೆದ. ಹೇಳುತ್ತಾನೆ ಎಂದೇ ನನಗೆ ಅನಿಸಿತು. ಅವನು ಕನ್ನಡಿಯ ಕಡೆ ನೋಡಲಿಲ್ಲ. ಸುತ್ತಿಗೆಯನ್ನು ಕೈಗೆತ್ತಿಕೊಂಡು, ತಿರುವಿ ನೋಡಿ, ಹೆಬ್ಬೆರಳಿನಿಂದ ಹಿಡಿಯನ್ನು ಅಲುಗಿಸಿದ.

"ಹಿಡಿ ಸ್ವಲ್ಪ ಸಡ್ಲಾಗಿರಬೇಕ್ರಿ ಅಕ್ಕಾರ," ಎಂದ.

ನಾನು ಸುತ್ತಿಗೆಯನ್ನು ಹಳೆಯ ಪೇಪರಿನಲ್ಲಿ ಸುತ್ತಿ, ಈ ಪುಟಗಳ ಪ್ರತಿಯನ್ನು ಅದರ ಮೇಲಿಟ್ಟು ಅವನ ಕೈಗೆ ಕೊಟ್ಟೆ.

"ಪ್ರದರ್ಶನದಾಗ ಇದನ್ನ ಇಡ್ರಿ. ಇದು ಹನ್ನೆರಡು ಮನೀದು. ಕನ್ನಡಿ ನಮ್ಮವ್ವಂದು."